ಚಿಗರಿಗೂ ಒಂದು ದವಾಖಾನೆ ಬೇಕು

ಸಂಪಾದಕರಿಗೆ ನಮಸ್ಕಾರ.

ಬೀದರ್ ಜಿಲ್ಲೆಯ ಸರ್ಕಾರಿ ಪ್ರಾಥಮಿಕ ಶಾಲೆಗಳಲ್ಲಿ 31 ವರ್ಷ ಪಾಠ ಮಾಡಿ ಈಗ ನಿವೃತ್ತಿಯಾಗಿ ಮನೆಯಲ್ಲಿದ್ದೇನೆ. ನಿಮ್ಮ ಪತ್ರಿಕೆ ದಿನಾಲೂ ಓದುತ್ತೇನೆ. ಪತ್ರ ಬರೆಯುತ್ತಿರುವುದು ಇದೇ ಮೊದಲು. ಉದ್ದವಾಗಿದೆ, ಗೊತ್ತು. ಜಾಗ ಸಾಲದಿದ್ದರೆ ಪರದೇಶದ ಮಾತು ಎಷ್ಟು ಬೇಕಾದರೂ ಕತ್ತರಿಸಿ. ಚಿಗರಿಯ ವಿಷಯ ಮಾತ್ರ ಬಿಡಬೇಡಿ.

ಕಳೆದ ಎಳ್ಳ ಅಮಾವಾಸ್ಯೆಗೆ ಭಾಲ್ಕಿ ತಾಲೂಕಿನ ನನ್ನ ತವರಿಗೆ ಹೋಗಿದ್ದೆ. ನಮ್ಮ ಕಡೆ ಅದು ದೊಡ್ಡ ಹಬ್ಬ. ಮನೆಯಲ್ಲಿ ಯಾರೂ ಉಳಿಯುವುದಿಲ್ಲ, ಊರಿಗೆ ಊರೇ ಹೊಲದಲ್ಲಿರುತ್ತದೆ. ಭಜ್ಜಿ, ಸಜ್ಜೆ ರೊಟ್ಟಿ, ಶೇಂಗಾ ಹೋಳಿಗೆ, ಅಂಬಲಿಯ ಗಡಿಗೆ, ಎಲ್ಲ ಟ್ರ್ಯಾಕ್ಟರಿನಲ್ಲಿಟ್ಟುಕೊಂಡು ಹೊರಟಿದ್ದೆವು. ಕೂರಲು ಮೆತ್ತಗಿರಲಿ ಅಂತ ನಾನು ಒಂದು ಕೌದಿ ಹಾಸಿಕೊಂಡಿದ್ದೆ. ಡಾಂಬರು ರಸ್ತೆ ಬಿಟ್ಟು ಹೊಲದ ದಾರಿಗೆ ತಿರುಗುವ ಕಡೆ, ರಸ್ತೆ ಬದಿಯ ಒಣಹುಲ್ಲಿನಲ್ಲಿ ಏನೋ ಅಲುಗಾಡಿತು. ತಮ್ಮನ ಮಗನೇ ಮೊದಲು ನೋಡಿದ್ದು. "ಅತ್ತಿ, ಚಿಗರಿ ಬಿದ್ದದ" ಅಂದ.

ಕೃಷ್ಣಮೃಗಕ್ಕೆ ನಮ್ಮಲ್ಲಿ ಚಿಗರಿ ಅಂತಲೇ ಹೆಸರು. ಅದು ಹೆಣ್ಣು. ಗಂಡಿನ ಹಾಗೆ ಕಪ್ಪು ಮೈ, ತಿರುಚಿದ ಕೋಡು ಇರುವುದಿಲ್ಲ. ಒಣಗಿದ ಜೋಳದ ದಂಟಿನ ಬಣ್ಣ, ಹೊಟ್ಟೆ ಕೆಳಗೆ ಬಿಳಿ. ರಾತ್ರಿ ಯಾವುದೋ ಗಾಡಿ ಬಡಿದು ಹೋಗಿತ್ತು. ಹಿಂಗಾಲು ಮುರಿದಿತ್ತು. ರಕ್ತ ಜಾಸ್ತಿ ಇರಲಿಲ್ಲ. ಕಣ್ಣು ಅಷ್ಟು ದೊಡ್ಡದು. ನಾನು ಅಷ್ಟು ಹತ್ತಿರದಿಂದ ಚಿಗರಿಯ ಕಣ್ಣು ನೋಡಿದ್ದು ಅದೇ ಮೊದಲು. ರೆಪ್ಪೆಯ ಕೂದಲು ಒಂದೊಂದೂ ಎಣಿಸುವ ಹಾಗಿತ್ತು.

ಕೌದಿ ಹಾಸಿ ಅದರ ಮೇಲೆ ಮಲಗಿಸಿ, ಬದುವಿನ ಬೇವಿನ ಗಿಡದ ನೆರಳಿಗೆ ಒಯ್ದೆವು. ಹಬ್ಬದ ದಿನ, ರಸ್ತೆ ತುಂಬ ಜನ. ಅರ್ಧ ಗಂಟೆಯಲ್ಲಿ ನಲವತ್ತು ಐವತ್ತು ಮಂದಿ ಸುತ್ತ ನಿಂತರು. ಮಕ್ಕಳು ಮೈ ಸವರಿದವು. ಹುಡುಗರು ಫೋಟೊ ತೆಗೆದರು, ವಿಡಿಯೊ ಮಾಡಿದರು. ನೀರಡಿಸಿರಬೇಕು ಅಂತ ಒಬ್ಬರು ಬಾಟಲಿಯಿಂದ ಬಾಯಿಗೆ ನೀರು ಹೊಯ್ದರು. ಅದು ಕುಡಿಯಲಿಲ್ಲ. ನಾನು ಅಂಬಲಿಯನ್ನು ತಿಳಿ ಮಾಡಿ, ದವಡೆ ಬಿಡಿಸಿ, ಚಮಚದಿಂದ ಹಾಕಿದೆ. ತಲೆ ತೊಡೆಯ ಮೇಲಿಟ್ಟುಕೊಂಡು ಕಿವಿ ಹಿಂದೆ ಸವರುತ್ತಾ "ಅಂಜಬ್ಯಾಡವ್ವ" ಅನ್ನುತ್ತಿದ್ದೆ. ಅದರ ಎದೆ ನನ್ನ ಕೈ ಕೆಳಗೆ ಹೊಲಿಗೆ ಮಿಷನ್ ಓಡಿದ ಹಾಗೆ ಹೊಡೆದುಕೊಳ್ಳುತ್ತಿತ್ತು.

ತಮ್ಮ ಫೋನ್ ಹಚ್ಚುತ್ತಲೇ ಇದ್ದ. ಒಂದು ಕಡೆ ಎತ್ತಲಿಲ್ಲ. ಇನ್ನೊಂದು ಕಡೆ ಎತ್ತಿ, ಇದು ನಮ್ಮ ವ್ಯಾಪ್ತಿಗೆ ಬರಲ್ಲ ಅಂತ ಮತ್ತೊಂದು ನಂಬರು ಕೊಟ್ಟರು. ಆ ನಂಬರಿನವರು ಬರುತ್ತೇವೆ ಅಂದರು. ದನದ ಡಾಕ್ಟರೊಬ್ಬರು ಪರಿಚಯದವರು, ಹಬ್ಬದೂಟ ಬಿಟ್ಟು ಬೈಕಿನಲ್ಲಿ ಬಂದರು. ಆದರೆ ಚಿಗರಿ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಮೊದಲ ಪಟ್ಟಿಯಲ್ಲಿರುವ ಪ್ರಾಣಿ. ಅರಣ್ಯದವರು ಬಾರದೆ, ಹೇಳದೆ, ತಾವು ಚಿಕಿತ್ಸೆ ಶುರು ಮಾಡಿದರೆ ನಾಳೆ ತೊಂದರೆ ಅಂದರು. ಅವರನ್ನು ಬೈಯಲಾರೆ. ಗಾಡಿ ಬರುವಷ್ಟರಲ್ಲಿ ನಾಲ್ಕು ತಾಸು ಕಳೆದಿತ್ತು. ಚಿಗರಿ ಸತ್ತು ಒಂದು ತಾಸಾಗಿತ್ತು.

ಆ ಹೊತ್ತಿಗೆ ಹೊಲದಲ್ಲಿ ಚರಗ ಚೆಲ್ಲುತ್ತಿದ್ದರು. ಭೂಮಿತಾಯಿಗೆ, ಹುಳಹುಪ್ಪಟೆಗೆ, ಹಕ್ಕಿಪಕ್ಕಿಗೆ ಅಂತ ನಾವು ಅನ್ನ ಚೆಲ್ಲುವ ಹಬ್ಬ ಅದು. ನನಗೆ ಅವತ್ತು ತುತ್ತು ಇಳಿಯಲಿಲ್ಲ. ಆ ಕೌದಿಯನ್ನು ಇನ್ನೂ ಒಗೆದಿಲ್ಲ, ಟ್ರಂಕಿನಲ್ಲಿ ಹಾಗೇ ಇದೆ.

ಇದೆಲ್ಲ ಆಗಿ ಏಳೆಂಟು ತಿಂಗಳಿಗೆ ಮಗಳ ಬಾಣಂತನಕ್ಕೆ ಆಸ್ಟ್ರೇಲಿಯಾಕ್ಕೆ ಹೋದೆ. ಅವಳು ಬ್ರಿಸ್ಬೇನ್‌ನಲ್ಲಿದ್ದಾಳೆ. ಮೊಮ್ಮಗಳಿಗೆ ಮೂರು ತಿಂಗಳು ತುಂಬಿದ ಮೇಲೆ ಒಂದು ಭಾನುವಾರ ಅಳಿಯ ನಮ್ಮನ್ನು ಗೋಲ್ಡ್ ಕೋಸ್ಟ್ ಅನ್ನುವ ಸಮುದ್ರ ದಂಡೆಯ ಊರಿಗೆ ಕರೆದುಕೊಂಡು ಹೋದರು. ಅಲ್ಲಿ ಕರಂಬಿನ್ ವನ್ಯಜೀವಿಧಾಮ ಅಂತ ಇದೆ. ಕಾಂಗರೂ ನೋಡಿ ಬರೋಣ ಅಂತ ಹೋದದ್ದು. ನನ್ನನ್ನು ಹಿಡಿದು ನಿಲ್ಲಿಸಿದ್ದು ಅದರೊಳಗಿನ ಪ್ರಾಣಿಗಳ ದವಾಖಾನೆ.

ಆ ಜಾಗದ ಕತೆಯೇ ನಮ್ಮಂಥ ರೈತರ ಮನೆಯವರು ಕೇಳಬೇಕಾದದ್ದು. ಅಲೆಕ್ಸ್ ಗ್ರಿಫಿತ್ಸ್ ಅಂತ ಒಬ್ಬರು ಅಲ್ಲಿ ಜೇನು ಸಾಕಿ, ಗ್ಲಾಡಿಯೋಲಸ್ ಹೂವು ಬೆಳೆಯುತ್ತಿದ್ದರು. ಲಾರಿಕೀಟ್ ಅನ್ನುವ ಬಣ್ಣಬಣ್ಣದ ಗಿಳಿಗಳು ಹಿಂಡುಹಿಂಡಾಗಿ ಬಂದು ಹೂವು ಹಾಳು ಮಾಡುತ್ತಿದ್ದವು. ಗ್ರಿಫಿತ್ಸ್ ಬಲೆ ಹಾಕಲಿಲ್ಲ, ಬಂದೂಕು ಹಿಡಿಯಲಿಲ್ಲ. ಹೂವಿನ ತೋಟದ ಕಡೆ ಹೋಗದಿರಲಿ ಅಂತ ಬೇರೆ ಕಡೆ ಬ್ರೆಡ್ಡು, ಜೇನು ಇಡತೊಡಗಿದರು. ಗಿಳಿಗಳನ್ನು ನೋಡಲು ಜನ ಬರತೊಡಗಿದರು. 1947ರಲ್ಲಿ ಹೀಗೆ ಶುರುವಾದದ್ದು ಈ ಧಾಮ. ಆಮೇಲೆ ಗ್ರಿಫಿತ್ಸ್ ಅದನ್ನು ಒಂದು ಟ್ರಸ್ಟಿಗೆ ಬಿಟ್ಟುಕೊಟ್ಟರು. ಗಿಳಿಗಳು ಈಗಲೂ ಬೆಳಗ್ಗೆ, ಸಂಜೆ ಬರುತ್ತವೆ. ಈಗ ಬ್ರೆಡ್ಡು ಕೊಡುವುದಿಲ್ಲ, ಹೂವಿನ ಮಕರಂದದಂಥ ತೆಳು ಮಿಶ್ರಣ ತಟ್ಟೆಯಲ್ಲಿ ಹಿಡಿಯುತ್ತಾರೆ.

ನಾನು ಚಿಕ್ಕವಳಿದ್ದಾಗ ಜೋಳ ಹಾಲುಗಾಳಿಗೆ ಬಂದಾಗ ಅಪ್ಪ ನಮ್ಮನ್ನು ಅಟ್ಟಣಿಗೆ ಮೇಲೆ ಕೂರಿಸುತ್ತಿದ್ದರು. ಕೈಯಲ್ಲಿ ಕವಣೆ. ದಿನವೆಲ್ಲ ಹಕ್ಕಿ ಕಾಯುವುದೇ ಕೆಲಸ. ಗುರಿ ಇಟ್ಟು ಹೊಡೆಯಬೇಡ, ಸದ್ದಾದರೆ ಸಾಕು ಅನ್ನುತ್ತಿದ್ದರು ಅಪ್ಪ. ಆ ಮಾತು ನನಗೆ ಅಲ್ಲಿ, ಆ ಗಿಳಿಗಳ ಗಲಾಟೆಯಲ್ಲಿ ನೆನಪಾಯಿತು. ಚಿಗರಿಗೂ ತಿನ್ನಲು ಹಾಕೋಣ ಅಂತ ನಾನು ಹೇಳುತ್ತಿಲ್ಲ, ತಪ್ಪು ತಿಳಿಯಬೇಡಿ. ಕಡಲೆ, ಸೋಯಾ, ಜೋಳದ ಹೊಲಕ್ಕೆ ಹಿಂಡು ಹೊಕ್ಕರೆ ರೈತನ ಹೊಟ್ಟೆ ಉರಿಯುತ್ತದೆ. ನನ್ನ ತಮ್ಮನದೂ ಉರಿದಿದೆ. ಆ ಬೆಳೆ ಹಾನಿಗೆ ಪರಿಹಾರ ಬೇಗ ಸಿಗಬೇಕು, ಅದು ಬೇರೆಯೇ ಜಗಳ. ಆದರೂ ಅವತ್ತು ಗಿಡದ ಕೆಳಗೆ ಕಣ್ಣೊರೆಸಿಕೊಂಡವರಲ್ಲಿ ಅದೇ ತಮ್ಮನೂ ಇದ್ದ.

ದವಾಖಾನೆಯ ಮಾತಿಗೆ ಬರುತ್ತೇನೆ. 1989ರಿಂದ ನಡೆಯುತ್ತಿದೆ. ವರ್ಷಕ್ಕೆ 10,000ಕ್ಕೂ ಜಾಸ್ತಿ ಕಾಡುಪ್ರಾಣಿಗಳು ಬರುತ್ತವೆ. ತಂದವರು ಒಂದು ಪೈಸೆ ಕೊಡಬೇಕಿಲ್ಲ. ಜನರ ದಾನದ ಮೇಲೆ ನಡೆಯುತ್ತದೆ. ಡಾಕ್ಟರುಗಳ ಜೊತೆ ಸುಮ್ನೆ ಸೇವೆ ಅಂತ ಬರುವವರು ಬಹಳ ಜನ, ಅದರಲ್ಲೂ ನನ್ನಂಥ ನಿವೃತ್ತರು. ನಮಗೆ ಎಲ್ಲ ತೋರಿಸಿ ಹೇಳಿದ ಹೆಂಗಸು ಕೂಡ ಹಾಗೆ ಬಂದವರೇ. ನನ್ನ ವಯಸ್ಸಿನವರು. ನಿಧಾನಕ್ಕೆ ಮಾತಾಡುತ್ತಿದ್ದರು, ಹಾಗಾಗಿ ಅರ್ಧ ನನಗೇ ತಿಳಿಯಿತು. ಉಳಿದದ್ದನ್ನು ಮಗಳು ಹೇಳಿದಳು.

ಚಿಕಿತ್ಸೆ ಕೋಣೆಗೆ ದೊಡ್ಡ ಗಾಜಿನ ಕಿಟಕಿ ಇದೆ. ಹೊರಗೆ ನಿಂತು ನೋಡಬಹುದು. ನಾವು ಹೋದಾಗ ಒಳಗೆ ಮೇಜಿನ ಮೇಲೆ ಒಂದು ಹೆಬ್ಬಾವು. ಹುಲ್ಲು ಕತ್ತರಿಸುವ ಯಂತ್ರ ತಾಗಿ ಗಾಯವಾಗಿತ್ತಂತೆ. ಮೂಗಿಗೆ ನಳಿಕೆ ಹಾಕಿ, ಮಂಪರು ಬರಿಸಿ, ಒಬ್ಬ ಡಾಕ್ಟರಮ್ಮ ಹೊಲಿಗೆ ಹಾಕುತ್ತಿದ್ದರು. ಇನ್ನೊಬ್ಬರು ಬಾಲದ ಕಡೆ ಹಿಡಿದು ನಿಂತಿದ್ದರು. ಹಾವಿಗೆ ಹೊಲಿಗೆ! ನಾಗರ ಪಂಚಮಿಗೆ ನಾವು ಹುತ್ತಕ್ಕೆ ಹಾಲೆರೆಯುತ್ತೇವೆ, ಮರುದಿನ ಅಂಗಳಕ್ಕೆ ಬಂದರೆ ಬಡಿಗೆ ಹುಡುಕುತ್ತೇವೆ. ನಾನೂ ಹುಡುಕಿದವಳೇ. ಕಿಟಕಿಯ ಮುಂದೆ ಅಗಲ ಟೊಪ್ಪಿಗೆ ಹಾಕಿಕೊಂಡ ಏಳೆಂಟು ವರ್ಷದ ಮಕ್ಕಳು ಗಾಜಿಗೆ ಮೂಗು ಒತ್ತಿ ನಿಂತಿದ್ದವು. ಒಂದೂ ಕಿರುಚಲಿಲ್ಲ. ಡಾಕ್ಟರಮ್ಮ ಸೂಜಿ ಎತ್ತಿದಾಗೆಲ್ಲ ಒಂದು ಹುಡುಗಿಯ ಬೆರಳೂ ಗಾಳಿಯಲ್ಲಿ ಎದ್ದು ಹೊಲಿಗೆ ಹಾಕುತ್ತಿತ್ತು.

ಕೋಲಾಗಳ ಬಗ್ಗೆ ಜಾಸ್ತಿ ಬರೆಯುವುದಿಲ್ಲ. ಟೀವಿಯಲ್ಲಿ ಎಲ್ಲರೂ ನೋಡಿರುತ್ತೀರಿ. ಅದು ಕರಡಿ ಅಲ್ಲ, ಕಾಂಗರೂವಿನ ಹಾಗೆ ಹೊಟ್ಟೆಚೀಲದ ಪ್ರಾಣಿ. ಮರಿ ಹುಟ್ಟುವಾಗ ಒಂದು ಅವರೆಕಾಳಿನಷ್ಟು, ಆರು ತಿಂಗಳು ಚೀಲದಲ್ಲೇ ಬೆಳೆಯುತ್ತದೆ. ಗಾಡಿ ಬಡಿದು, ನಾಯಿ ಕಚ್ಚಿ ಬರುವ ಕೋಲಾಗಳು ಬಹಳ. ಅದಕ್ಕಿಂತ ಕೆಟ್ಟದ್ದು ಕ್ಲಮೀಡಿಯ ಅನ್ನುವ ರೋಗ. ಕಣ್ಣು ಕಿಸಿರು ಕಟ್ಟಿ ಕುರುಡಾಗುತ್ತವೆ, ಮೂತ್ರಕೋಶ ಕೆಡುತ್ತದೆ, ಮರಿಯಾಗುವುದೇ ನಿಲ್ಲುತ್ತದೆ. ಔಷಧಿ ಕೊಡುವುದೂ ಸುಲಭ ಅಲ್ಲ. ಕೋಲಾ ತಿನ್ನುವುದು ನೀಲಗಿರಿ ಸೊಪ್ಪು, ಅದೂ ವಿಷದ ಸೊಪ್ಪು. ಅದನ್ನು ಕರಗಿಸಲು ಹೊಟ್ಟೆಯಲ್ಲಿ ಬೇರೆ ಸೂಕ್ಷ್ಮಜೀವಿಗಳು ಬೇಕು. ಆಂಟಿಬಯಾಟಿಕ್ ಕೊಟ್ಟರೆ ರೋಗದ ಜೊತೆ ಅವೂ ಸಾಯುತ್ತವೆ. ಆಗ ಸೊಪ್ಪು ತಿಂದರೂ ಮೈಗೆ ಹತ್ತುವುದಿಲ್ಲ. ದನ ಸಾಕಿದವರಿಗೆ ಈ ಮಾತು ಬಿಡಿಸಿ ಹೇಳಬೇಕಿಲ್ಲ. ಕ್ವೀನ್ಸ್‌ಲ್ಯಾಂಡ್, ನ್ಯೂ ಸೌತ್ ವೇಲ್ಸ್ ರಾಜ್ಯಗಳಲ್ಲಿ ಕೋಲಾವನ್ನು 2022ರಲ್ಲಿ ಅಳಿವಿನಂಚಿನ ಪ್ರಾಣಿ ಅಂತ ಅಲ್ಲಿನ ಸರ್ಕಾರ ಘೋಷಿಸಿದೆ. ಒಂದು ಕೋಲಾಗೆ ದಿನಕ್ಕೆ ಅರ್ಧ ಕಿಲೋದಿಂದ ಒಂದು ಕಿಲೋ ಸೊಪ್ಪು ಬೇಕು. ತಾಜಾ ಇರಬೇಕು, ಅದಕ್ಕೆ ಬೇಕಾದ ಜಾತಿಯದೇ ಇರಬೇಕು. ಸೊಪ್ಪು ಕಡಿದು ತರುವುದೇ ಅಲ್ಲಿ ದೊಡ್ಡ ಕೆಲಸ. ನೀಲಗಿರಿ ಅಂದರೆ ನಾವು ನೀರು ಹೀರುವ ಗಿಡ ಅಂತ ಬೈಯುತ್ತೇವೆ. ನಮ್ಮ ನೆಲಕ್ಕೆ ಬಂದಾಗ ಅದು ಹಾಗೆಯೇ. ಅದರ ತವರಿನಲ್ಲಿ ನಿಂತು ನೋಡಿದಾಗ ಅದೊಂದು ಪ್ರಾಣಿಯ ಇಡೀ ಊಟ ಅಂತ ತಿಳಿಯಿತು.

ಕಾಂಗರೂಗಳ ಬಯಲಿಗೂ ಹೋದೆವು. ಅಂಗೈ ಮೇಲೆ ಕಾಳು ಇಟ್ಟುಕೊಂಡು ಕೂತೆ. ಒಂದು ಬಂದು, ನನ್ನ ಕೈ ಅಲುಗದ ಹಾಗೆ ತನ್ನ ಪುಟ್ಟ ಮುಂಗೈಗಳಿಂದ ಹಿಡಿದುಕೊಂಡು ತಿಂದಿತು. ಉಗುರು ಕಪ್ಪು, ಅಂಗೈ ಒರಟು. ಮಗಳು ಫೋಟೊ ತೆಗೆದಿದ್ದಾಳೆ. ಎಕಿಡ್ನ ಅಂತ ಒಂದು ನೋಡಿದೆ. ಮೈ ತುಂಬ ಮುಳ್ಳು, ಉದ್ದ ಮೂತಿ, ಇರುವೆ ಗೆದ್ದಲು ತಿನ್ನುತ್ತದೆ. ಮೊಟ್ಟೆಯನ್ನೂ ಇಡುತ್ತದೆ, ಮರಿಗೆ ಹಾಲನ್ನೂ ಕೊಡುತ್ತದೆ! ಐದನೇ ತರಗತಿಗೆ ಎಷ್ಟು ವರ್ಷ ನಾನು "ಮೊಟ್ಟೆ ಇಡುವವು ಒಂದು ಗುಂಪು, ಹಾಲೂಡಿಸುವವು ಒಂದು ಗುಂಪು" ಅಂತ ಗೆರೆ ಎಳೆದು ಪಾಠ ಮಾಡಿದ್ದೇನೋ. ಆ ಮಕ್ಕಳಿಗೆ ಈಗ ಹೇಳಬೇಕು ಅನ್ನಿಸುತ್ತದೆ.

ಕೊನೆಗೆ ಆ ಹೆಂಗಸು ನಮ್ಮನ್ನು ಒಂದು ಬೆಂಚಿನ ಮೇಲೆ ಕೂರಿಸಿ, ಗಾಯಗೊಂಡ ಕಾಡುಪ್ರಾಣಿ ಕಂಡರೆ ಏನು ಮಾಡಬೇಕು ಅಂತ ಹೇಳಿದರು. ನಾನು ಈ ಪತ್ರ ಬರೆಯುತ್ತಿರುವುದೇ ಆ ಹತ್ತು ನಿಮಿಷದ ಸಲುವಾಗಿ.

ಮೊದಲು ಜನರನ್ನು ದೂರ ಸರಿಸಿ ಅಂದರು. ಆಮೇಲೆ ಒಂದು ಬಟ್ಟೆ ಹೊದಿಸಿ ಕಣ್ಣಿಗೆ ಕತ್ತಲೆ ಮಾಡಿ. ಮೂಗು ಮುಚ್ಚಬಾರದು. ಸಣ್ಣದಾದರೆ ಗಾಳಿಯಾಡುವ ರಟ್ಟಿನ ಡಬ್ಬಿಯಲ್ಲಿಡಿ. ಸದ್ದು ಬೇಡ, ಮಾತೂ ಬೇಡ. ನೀರು ಕುಡಿಸಬೇಡಿ, ತಿನ್ನಲು ಕೊಡಬೇಡಿ. ಪೆಟ್ಟು ಬಿದ್ದ ಪ್ರಾಣಿಗೆ ನುಂಗಲು ಆಗುವುದಿಲ್ಲ, ಬಾಯಿಗೆ ಹಾಕಿದ್ದು ಶ್ವಾಸಕೋಶಕ್ಕೆ ಇಳಿಯುತ್ತದೆ. ಸವರಬೇಡಿ. ನಾವು ಸವರಿದರೆ ನಾಯಿಗೆ, ಬೆಕ್ಕಿಗೆ ಸಮಾಧಾನ. ಕಾಡುಪ್ರಾಣಿಗೆ ಹಾಗಲ್ಲ. ತನ್ನನ್ನು ತಿನ್ನುವುದು ಯಾವುದೋ ಹಿಡಿದಿದೆ ಅಂತಲೇ ಅದಕ್ಕೆ ಅನ್ನಿಸುವುದು. ಹೆದರಿ ಹೆದರಿ ಮೈಯ ಮಾಂಸಖಂಡಗಳೇ ಒಡೆಯುತ್ತವೆ. ಅದರ ವಿಷ ರಕ್ತಕ್ಕೆ ಸೇರಿ ಮೂತ್ರಪಿಂಡ ಕೆಡುತ್ತದೆ, ಹೃದಯ ನಿಲ್ಲುತ್ತದೆ. ಗಾಯದಿಂದ ಬದುಕಬಹುದಾದ ಪ್ರಾಣಿ ಹೆದರಿಕೆಯಿಂದ ಸಾಯುತ್ತದೆ. ಕಾಂಗರೂಗಳಲ್ಲಿ, ಜಿಂಕೆ ಚಿಗರಿ ಜಾತಿಯಲ್ಲಿ ಇದು ಜಾಸ್ತಿ ಅಂದರು.

"ಅವ್ವಾ, ಯಾಕ ಸುಮ್ನಾದಿ?" ಅಂತ ಮಗಳು ಕೇಳಿದಳು.

ನನ್ನ ಕೈ ಕೆಳಗೆ ಹೊಡೆದುಕೊಳ್ಳುತ್ತಿದ್ದ ಆ ಎದೆ. ನಾನು ದವಡೆ ಬಿಡಿಸಿ ಹಾಕಿದ ಅಂಬಲಿ. ಐವತ್ತು ಜನ. ಒಬ್ಬರೂ ಕೆಟ್ಟವರಲ್ಲ. ಕೊಲ್ಲಬೇಕು ಅಂತ ಒಬ್ಬರೂ ಬಂದಿರಲಿಲ್ಲ. ಆ ಕಾಲು ನೆಟ್ಟಗಾಗುತ್ತಿತ್ತೋ ಇಲ್ಲವೋ, ಯಾರಿಗೆ ಗೊತ್ತು. ಆದರೆ ಕೌದಿಯನ್ನು ಅದರ ಕೆಳಗೆ ಹಾಸಿದ್ದೆ. ಕಣ್ಣಿನ ಮೇಲೆ ಹೊದಿಸಬೇಕಿತ್ತು. ಇಷ್ಟು ಸಣ್ಣ ವಿಷಯ 60 ದಾಟಿದ ಮೇಲೆ, ಸಮುದ್ರ ದಾಟಿ ಹೋಗಿ ಕಲಿಯಬೇಕಾಯಿತು. ಮಕ್ಕಳಿಗೆ ಪ್ರಥಮ ಚಿಕಿತ್ಸೆ ಪಾಠ ಮಾಡಿದವಳು ನಾನು. ಸುಟ್ಟರೆ ಏನು, ಹಾವು ಕಚ್ಚಿದರೆ ಏನು, ಎಲ್ಲ ಹೇಳಿಕೊಟ್ಟಿದ್ದೇನೆ. ಇದೊಂದನ್ನು ನನಗೂ ಯಾರೂ ಹೇಳಿರಲಿಲ್ಲ, ನಾನೂ ಯಾರಿಗೂ ಹೇಳಲಿಲ್ಲ.

ಆ ಹೆಂಗಸಿಗೆ ನಾನು ಮಗಳ ಬಾಯಲ್ಲಿ ಚಿಗರಿಯ ಕತೆ ಹೇಳಿಸಿದೆ. ಅವರು ನನ್ನ ಕೈ ಹಿಡಿದುಕೊಂಡರು. ಸಮಾಧಾನದ ಮಾತೇನೂ ಆಡಲಿಲ್ಲ. ಒಳಗೆ ಹೋಗಿ ಒಂದು ಬಟ್ಟೆಯ ಚೀಲ ತಂದು ನನ್ನ ತೊಡೆಯ ಮೇಲಿಟ್ಟರು. ಅಲ್ಲಿ ರಸ್ತೆಯಲ್ಲಿ ತಾಯಿ ಕಾಂಗರೂ ಸತ್ತು ಬಿದ್ದಿದ್ದರೆ, ಹೊಟ್ಟೆಚೀಲದಲ್ಲಿ ಮರಿ ಜೀವಂತ ಇದೆಯೇ ನೋಡಿ ಅಂತ ಜನರಿಗೆ ಹೇಳಿಕೊಟ್ಟಿರುತ್ತಾರೆ. ಸಿಕ್ಕ ಮರಿಯನ್ನು ಇಂಥ ಚೀಲದಲ್ಲಿ ಹಾಕಿ, ತಾಯಿಯ ಚೀಲದಂತೆ ಬೆಚ್ಚಗೆ ಕತ್ತಲೆಯಲ್ಲಿ ನೇತುಹಾಕಿ ಸಾಕುತ್ತಾರೆ. ಈ ಚೀಲಗಳನ್ನು ಊರ ಹೆಂಗಸರು ಹೊಲಿದು ಕಳಿಸುತ್ತಾರೆ. 2019–20ರ ದೊಡ್ಡ ಕಾಳ್ಗಿಚ್ಚಿನಲ್ಲಿ ಎಷ್ಟೆಷ್ಟೋ ದೇಶಗಳಿಂದ ಹೊಲಿದು ಕಳಿಸಿದ್ದರಂತೆ.

ನಾನು ಚೀಲವನ್ನು ಒಳಗೆ ಹೊರಗೆ ಮಾಡಿ ನೋಡಿದೆ. ಒಳಗಿನ ಪದರ ಹತ್ತಿಯದು, ಒಗೆದು ಒಗೆದು ಮೆತ್ತಗಾದದ್ದು. ಹೊಲಿಗೆಯ ಅಂಚೆಲ್ಲ ಹೊರಕ್ಕೆ. ಒಳಗೆ ಒಂದು ದಾರದ ಎಳೆಯೂ ಇಲ್ಲ. ಎಳೆ ಇದ್ದರೆ ಮರಿಯ ಉಗುರು ಸಿಕ್ಕಿಕೊಳ್ಳುತ್ತದೆ ಅಂದರು. ನನ್ನ ಅವ್ವ ಕೂಸಿನ ಕೌದಿಗೆ ಇದನ್ನೇ ಹೇಳುತ್ತಿದ್ದಳು. ಉಟ್ಟು ಮೆತ್ತಗಾದ ಸೀರೆಯೇ ಬೇಕು, ಗಂಟು ಒಳಗೆ ಹೋಗಬೇಕು, ಕೂಸಿನ ಬೆರಳಿಗೆ ದಾರ ಸುತ್ತಬಾರದು. ಮೊಮ್ಮಗಳು ಪಕ್ಕದ ತಳ್ಳುಗಾಡಿಯಲ್ಲಿ ನಾನು ಒಯ್ದ ಕೌದಿ ಹೊದ್ದು ಮಲಗಿದ್ದಳು. ಅದರ ಅಂಚು ಎತ್ತಿ ತೋರಿಸಿದೆ. ಆ ಹೆಂಗಸು ಕನ್ನಡಕ ಏರಿಸಿಕೊಂಡು ಬಹಳ ಹೊತ್ತು ನೋಡಿದರು. ನಮ್ಮಿಬ್ಬರಿಗೂ ಭಾಷೆಯೇ ಬೇಕಾಗಲಿಲ್ಲ.

ಈಗ ನನ್ನ ಕೋರಿಕೆ ಹೇಳುತ್ತೇನೆ.

ನಮ್ಮ ಬೀದರ್‌ಗೆ ಏನು ಕಡಿಮೆ? ಇಡೀ ಕರ್ನಾಟಕದ ಪಶುವೈದ್ಯಕೀಯ, ಪಶು ಮತ್ತು ಮೀನುಗಾರಿಕೆ ವಿಜ್ಞಾನಗಳ ವಿಶ್ವವಿದ್ಯಾಲಯ ಇರುವುದು ನಮ್ಮ ನಂದಿನಗರದಲ್ಲಿ. ಪಶುವೈದ್ಯಕೀಯ ಕಾಲೇಜೂ ಇಲ್ಲೇ ಇದೆ. ದೇವಣಿ ದನಗಳ ನಾಡು ಇದು, ಪ್ರಾಣಿಯ ಕಾಲು ಕಟ್ಟುವುದು ಗೊತ್ತಿಲ್ಲದ ಊರಲ್ಲ. ಅದೇ ವಿಶ್ವವಿದ್ಯಾಲಯ ವನ್ಯಜೀವಿಗಳ ಪಶುವೈದ್ಯಕ್ಕೆ ಅಂತಲೇ ಕೊಡಗಿನಲ್ಲಿ ಒಂದು ಸಂಸ್ಥೆ ನಡೆಸುತ್ತಿದೆ. ಕೊಡಗಿಗೆ ಬೇಕು, ಆನೆಗಳ ಜಿಲ್ಲೆ ಅದು, ಬೇಡ ಅನ್ನುವುದಿಲ್ಲ. ನಮ್ಮಲ್ಲೂ ಹೊನ್ನಿಕೇರಿ ಕಾಡಿದೆ. ಪಕ್ಕದ ಕಲಬುರಗಿ ಜಿಲ್ಲೆಯಲ್ಲಿ 2011ರಲ್ಲಿ ಚಿಂಚೋಳಿ ವನ್ಯಜೀವಿಧಾಮ ಆಯಿತು. ಯಾದಗಿರಿಯಲ್ಲಿ ಬೋನಾಳ ಪಕ್ಷಿಧಾಮ ಇದೆ. ಚಿಗರಿ, ತೋಳ, ನರಿ, ಕತ್ತೆಕಿರುಬ, ನವಿಲು, ಉಡ, ಮುಳ್ಳುಹಂದಿ, ಎಲ್ಲ ನಮ್ಮ ಮಡ್ಡಿ, ಹಳ್ಳ, ಹೊಲಗಳಲ್ಲೇ ಇವೆ. ಬನ್ನೇರುಘಟ್ಟ ಇಲ್ಲಿಂದ ಸುಮಾರು 700 ಕಿಲೋಮೀಟರ್. ಕಾಲು ಮುರಿದ ಚಿಗರಿ ಅಷ್ಟು ದೂರ ಹೋಗಿ ಮುಟ್ಟುತ್ತದೆಯೇ?

ಕರಂಬಿನ್‌ನಷ್ಟು ದೊಡ್ಡದು ಕೇಳುತ್ತಿಲ್ಲ. ಬೀದರ್‌ನಲ್ಲಿ ಕಾಡುಪ್ರಾಣಿಗಳಿಗೆ ಅಂತಲೇ ಒಂದು ಚಿಕಿತ್ಸೆ ಕೋಣೆ. ಅದರ ಪಕ್ಕ ಸದ್ದಿಲ್ಲದ ಒಂದು ಕತ್ತಲೆ ಕೋಣೆ. ಗುಣವಾಗುವವರೆಗೆ ಇರಲು ಬೇಲಿ ಹಾಕಿದ ಒಂದಿಷ್ಟು ಜಾಗ. ಹೊತ್ತು ನೋಡದೆ ಹೊರಡುವ ಒಂದು ಗಾಡಿ. ಅರಣ್ಯದವರ ಅನುಮತಿ ಪ್ರತಿ ಸಲ ಹುಡುಕಿಕೊಂಡು ಅಲೆಯದ ಹಾಗೆ, ಯಾವ ಡಾಕ್ಟರು ಕೂಡಲೇ ಕೈ ಹಚ್ಚಬಹುದು ಅಂತ ಮೊದಲೇ ಗೊತ್ತು ಮಾಡಿ ಬರೆದಿಟ್ಟ ಒಂದು ಆದೇಶ. ಎರಡು ಇಲಾಖೆಯವರು ಒಂದು ದಿನ ಎದುರುಬದುರು ಕೂತರೆ ಆಗುವ ಕೆಲಸ ಅಲ್ವಾ ಇದು? ಗುಣವಾದದ್ದನ್ನು ಸಿಕ್ಕ ಜಾಗದ ಹತ್ತಿರವೇ ಬಿಡಬೇಕು. ಕರಂಬಿನ್‌ನಲ್ಲಿ ಪ್ರಾಣಿ ತಂದವರನ್ನು ಮೊದಲು ಕೇಳುವುದೇ "ಎಲ್ಲಿ ಸಿಕ್ಕಿತು" ಅಂತ. ಯಾವ ರಸ್ತೆ, ಯಾವ ತಿರುವು, ಯಾವ ಗಿಡ. ನಾವಾದರೆ ಯಾರ ಹೊಲ, ಯಾವ ಹಳ್ಳ ಅಂತ ಬರೆದುಕೊಂಡರೆ ಸಾಕು.

ಮತ್ತೆ ಆ ಕೋಣೆಗೆ ಒಂದು ಗಾಜಿನ ಕಿಟಕಿ ಇರಲೇಬೇಕು. ಇದನ್ನು ಶೋಕಿಗೆ ಕೇಳುತ್ತಿಲ್ಲ. ನನ್ನ ಶಾಲೆಯ ಮಕ್ಕಳಿಗೆ ಕಾಡುಪ್ರಾಣಿ ಬರೆಯಿರಿ ಅಂದರೆ ಸಿಂಹ, ಜಿರಾಫೆ ಬರೆಯುತ್ತಿದ್ದವು. ಶಾಲೆಯ ಕಾಂಪೌಂಡಿನಾಚೆ ಕಡಲೆ ಹೊಲದಲ್ಲಿ ಚಿಗರಿ ಹಿಂಡು ನಿಂತಿರುತ್ತಿತ್ತು, ಅದನ್ನು ಒಂದು ಮಗುವೂ ಬರೆದದ್ದು ನೆನಪಿಲ್ಲ. ತಿಂಗಳಿಗೊಮ್ಮೆ ಒಂದು ಶಾಲೆಯ ಮಕ್ಕಳು ಬಂದು, ಕಿಟಕಿಯಾಚೆ ನಿಂತು, ನಮ್ಮದೇ ನೆಲದ ಒಂದು ಉಡಕ್ಕೆ, ಒಂದು ಗೂಬೆಗೆ ಪಟ್ಟಿ ಕಟ್ಟುವುದನ್ನು ನೋಡಲಿ. ತಿಳಿಸಿ ಹೇಳಲು ಜನ ಬೇಕೆಂದರೆ ನಮ್ಮಂಥ ನಿವೃತ್ತ ಶಿಕ್ಷಕರು ಜಿಲ್ಲೆಯಲ್ಲಿ ಎಷ್ಟು ಜನ ಇದ್ದೇವೆ. ಸಂಬಳ ಬೇಡ. ಬಸ್ ಹತ್ತಿ ಬರುತ್ತೇವೆ.

ಅಲ್ಲಿಯವರೆಗೆ ಒಂದು ಕೆಲಸ ನಿಮ್ಮ ಪತ್ರಿಕೆಯಿಂದಲೇ ಆಗಬಹುದು. ದನಕರುಗಳಿಗೆ 1962 ಅಂತ ಸಹಾಯವಾಣಿ ಇದೆ, ಅದು ಹಳ್ಳಿಗಳಲ್ಲಿ ಈಗ ಬಹಳ ಜನಕ್ಕೆ ಗೊತ್ತು. ಅರಣ್ಯ ಇಲಾಖೆಯ ಸಹಾಯವಾಣಿ 1926. ಅವೇ ಅಂಕಿ, ಕೊನೆಯ ಎರಡು ಅದಲುಬದಲು, ಅಷ್ಟೇ. ಆ ದಿನ ನಮ್ಮ ಐವತ್ತು ಜನರಲ್ಲಿ ಒಬ್ಬರಿಗೂ ಅದು ಗೊತ್ತಿರಲಿಲ್ಲ. ಈ ನಂಬರನ್ನು, ಅದರ ಕೆಳಗೆ ಬಟ್ಟೆ ಹೊದಿಸಿ, ಜನ ಸರಿಸಿ, ನೀರು ಹಾಕಬೇಡಿ, ಸವರಬೇಡಿ, ಜಾಗ ಬರೆದುಕೊಳ್ಳಿ ಅನ್ನುವ ನಾಲ್ಕು ಸಾಲನ್ನು ವಾರಕ್ಕೊಮ್ಮೆ ಒಂದು ಮೂಲೆಯಲ್ಲಿ ಹಾಕಿ. ಮತ್ತೆ ಎಳ್ಳ ಅಮಾವಾಸ್ಯೆ ಹತ್ತಿರ ಬಂತು. ಅವತ್ತು ನಸುಕಿನಿಂದಲೇ ಹೊಲದ ದಾರಿಗಳಲ್ಲಿ ಗಾಡಿ ಜಾಸ್ತಿ. ಕಡಲೆ ಚಿಗುರಿರುತ್ತದೆ, ಚಿಗರಿಗಳು ರಸ್ತೆ ದಾಟಿ ಬರುತ್ತವೆ. ಗಾಡಿ ಓಡಿಸುವವರು ಆ ಒಂದು ದಿನವಾದರೂ ನಿಧಾನ ಹೋಗಲಿ ಅಂತ ಬರೆಯಿರಿ.

ತಮ್ಮನ ಹೊಲದ ಪಂಪ್‌ಸೆಟ್ ಮನೆಯ ಗೋಡೆ ಮೇಲೆ ಸುಣ್ಣದಲ್ಲಿ 1926 ಅಂತ ದೊಡ್ಡದಾಗಿ ಬರೆಸಿದ್ದೇನೆ. ಒಳಗೆ ಗೂಟಕ್ಕೆ ಒಂದು ಹಳೆಯ ಕೌದಿ ನೇತುಹಾಕಿದ್ದೇನೆ. ಅದನ್ನು ಯಾರೂ ಹಾಸಲು ಒಯ್ಯಬಾರದು ಅಂತ ಎಲ್ಲರಿಗೂ ಹೇಳಿದ್ದೇನೆ.

ಊರಿಗೆ ಬಂದ ಮೇಲೆ ಆ ಹೆಂಗಸು ಕೊಟ್ಟ ಅಳತೆಯ ಮೇಲೆ ಚೀಲ ಹೊಲಿಯಲು ಕೂತೆ. ನಮ್ಮಲ್ಲಿ ಕಾಂಗರೂ ಇಲ್ಲ. ಆದರೆ ಗಾಳಿಮಳೆಗೆ ಗೂಡಿನಿಂದ ಬಿದ್ದ ಅಳಿಲು ಮರಿ, ತಂತಿಗೆ ಸಿಕ್ಕ ತಾಯಿಯನ್ನು ತಬ್ಬಿಕೊಂಡೇ ಉಳಿದ ಬಾವಲಿ ಮರಿ ಇವಕ್ಕೆಲ್ಲ ಬೇಕಾಗುತ್ತವೆ. ನಾಲ್ಕು ಅಳತೆಯಲ್ಲಿ ಇಲ್ಲಿಯವರೆಗೆ ಹದಿನೇಳು ಆಗಿವೆ. ಓಣಿಯ ಇಬ್ಬರು ಹೆಣ್ಣುಮಕ್ಕಳೂ ಕಲಿತಿದ್ದಾರೆ. ಒಳಗೆ ಹತ್ತಿ ಸೀರೆ, ಅಂಚು ಹೊರಕ್ಕೆ, ಒಂದು ಎಳೆಯೂ ಬಿಟ್ಟಿಲ್ಲ. ಒಗೆದು, ಬಿಸಿಲಿಗೆ ಒಣಗಿಸಿ, ಮಡಚಿ ಇಟ್ಟಿದ್ದೇನೆ. ಇವನ್ನು ಎಲ್ಲಿಗೆ ತಂದು ಕೊಡಬೇಕು, ಯಾರು ತೆಗೆದುಕೊಳ್ಳುತ್ತಾರೆ ಅಂತ ಸಂಬಂಧಪಟ್ಟವರು ನಿಮ್ಮ ಪತ್ರಿಕೆಯ ಮೂಲಕವೇ ತಿಳಿಸಿದರೆ ನಾನೇ ಬಂದು ಮುಟ್ಟಿಸುತ್ತೇನೆ.

ಇಂತಿ,
ನಿವೃತ್ತ ಶಿಕ್ಷಕಿ,
ಬೀದರ್